ತಲೆಲೆಕ್ಕಕ್ಕೆ ಸಿಗದ ಸಂಕಗಳು

ಪುನರ್ವಸು ಮಳೆ ಹಿಡಿಯಿತೆಂದರೆ ತೀರ್ಥಹಳ್ಳಿ, ಹೊಸನಗರ ಕಡೆಯ ಎಷ್ಟೋ ಮನೆಗಳಲ್ಲಿ ಬೆಳಗಿನ ಮೊದಲ ಮಾತು ಹಳ್ಳದ್ದೇ. ನೀರು ಸಂಕ ಮುಟ್ಟಿದ್ದರೆ ಮಕ್ಕಳಿಗೆ ಅಂದು ಶಾಲೆಯಿಲ್ಲ. ಸಂಕವೆಂದರೆ ಹಲವೆಡೆ ಈಗಲೂ ನಾಲ್ಕು ಅಡಿಕೆ ಮರ ಜೋಡಿಸಿ ಬಿಗಿದದ್ದು, ಊರವರೇ ಕಟ್ಟಿಕೊಂಡದ್ದು.

ಹಣ ಹಂಚುವ ಲೆಕ್ಕದಲ್ಲೇ ಮಲೆನಾಡು ಸೋಲುತ್ತ ಬಂದಿದೆ. ಇಲ್ಲಿ ತೋಟಕ್ಕೊಂದು ಮನೆ, ಗುಡ್ಡದಾಚೆ ಇನ್ನೆರಡು. 2000ದ ಡಿಸೆಂಬರಿನಲ್ಲಿ ಶುರುವಾದ ಪ್ರಧಾನಮಂತ್ರಿ ಗ್ರಾಮ ಸಡಕ್ ಯೋಜನೆ ಬಯಲಿನಲ್ಲಿ 500 ಜನರಿದ್ದ ಊರಿಗೆ ರಸ್ತೆ ಎಂದಿತು. ಗುಡ್ಡಗಾಡು ರಾಜ್ಯಗಳಲ್ಲಿ 250 ಸಾಕು. ಕರ್ನಾಟಕ ಆ ರಾಜ್ಯಗಳ ಪಟ್ಟಿಯಲ್ಲಿಲ್ಲ. ವರ್ಷಕ್ಕೆ ಸರಾಸರಿ 7,000 ಮಿಲಿಮೀಟರಿಗೂ ಹೆಚ್ಚು ಮಳೆ ಸುರಿಯುವ ಆಗುಂಬೆಗೂ ಬಯಲಿನ ಅಳತೆಯೇ ಬಂತು. ನರೇಗಾದಲ್ಲಿ ಕಟ್ಟೋಣವೆಂದರೆ ಕೂಲಿಗೆ ಶೇ. 60, ಸಾಮಗ್ರಿಗೆ ಶೇ. 40 ಎಂಬ ಮಿತಿ ಅಡ್ಡ ಬಂತು. ಸೇತುವೆಗೆ ದುಡ್ಡು ಬೇಕಾಗುವುದೇ ಕಬ್ಬಿಣ, ಸಿಮೆಂಟಿಗೆ. ಶಿವಮೊಗ್ಗದಲ್ಲೇ ಕಚೇರಿಯಿರುವ ಮಲೆನಾಡು ಪ್ರದೇಶಾಭಿವೃದ್ಧಿ ಮಂಡಳಿಯೂ ತನ್ನ ಅನುದಾನವನ್ನು ಹಲವು ಜಿಲ್ಲೆಗಳಿಗೆ ಹಂಚಬೇಕು. ಕಡಿಮೆ ಖರ್ಚಿನ ದಾರಿ ಇಲ್ಲವೆಂದಲ್ಲ: ಸುಳ್ಯದ ಎಂಜಿನಿಯರ್ ಗಿರೀಶ್ ಭಾರದ್ವಾಜ್ 1989ರಲ್ಲೇ ಅರಂಬೂರಿನಲ್ಲಿ ತೂಗುಸೇತುವೆ ಕಟ್ಟಿ ತೋರಿಸಿದ್ದಾರೆ.

ಅಂಗನವಾಡಿಯದೂ ಇದೇ ಪಾಡು. 1975ರ ಅಕ್ಟೋಬರ್ 2ರಂದು ದೇಶದ 33 ಕಡೆ ಆರಂಭವಾದ ಈ ಯೋಜನೆಗೆ ರಾಜ್ಯದಲ್ಲಿ ಮೊದಲು ಸೇರಿದ್ದು ತಿ. ನರಸೀಪುರ. 400 ಜನರಿಲ್ಲದ ಕಡೆ ಮಿನಿ ಅಂಗನವಾಡಿ ಎಂದಾಯಿತು. ಅಲ್ಲಿ ಸಹಾಯಕಿ ಇರಲಿಲ್ಲ. ಟೀಚರೇ ಅಡುಗೆ ಮಾಡಬೇಕಿತ್ತು, ಅವರೇ ಮಕ್ಕಳನ್ನು ನೋಡಿಕೊಳ್ಳಬೇಕಿತ್ತು. 2015-16ರಲ್ಲಿ ಕೇಂದ್ರ ಬಜೆಟ್ ಇದರ ಮೊತ್ತವನ್ನು ಸುಮಾರು 18 ಸಾವಿರ ಕೋಟಿಯಿಂದ 8 ಸಾವಿರ ಕೋಟಿ ಚಿಲ್ಲರೆಗೆ ಇಳಿಸಿತು. ಆಮೇಲೆ ಪೂರಕವಾಗಿ ಕೊಟ್ಟರೂ ರಾಜ್ಯಗಳ ಮೇಲೆ ಬಿದ್ದ ಭಾರ ಹಾಗೇ ಉಳಿಯಿತು.

ಈ ಕೊರತೆಯನ್ನು ತುಂಬಲು ನಿಂತವು ಊರಿನ ಸಣ್ಣ ಟ್ರಸ್ಟ್‌ಗಳು, ಶಿಶುವಿಹಾರಗಳು. ಅವುಗಳ ದುಡ್ಡಿನ ಮೂಲವೂ ಬತ್ತುತ್ತಿದೆ. ದೊಡ್ಡ ಕಂಪನಿಗಳು ಲಾಭದ ಶೇ. 2ನ್ನು ಸಮಾಜಕ್ಕೆ ಕೊಡಬೇಕೆಂಬ 2013ರ ಕಾನೂನು, ಕಂಪನಿಯ ಆಸುಪಾಸಿಗೆ ಆದ್ಯತೆ ಎನ್ನುತ್ತದೆ. ಕಾರ್ಖಾನೆಯೇ ಇಲ್ಲದ ಕಾಡೂರಿಗೆ ಆಸುಪಾಸು ಯಾವುದು? ಭದ್ರಾವತಿಯ ಕಾಗದದ ಕಾರ್ಖಾನೆಯೂ 2015ರಲ್ಲಿ ನಿಂತುಹೋಯಿತು. 2020ರ ವಿದೇಶಿ ದೇಣಿಗೆ ತಿದ್ದುಪಡಿಯಿಂದ, ದೊಡ್ಡ ಸಂಸ್ಥೆಗಳು ತಮಗೆ ಬಂದ ಹಣದಲ್ಲಿ ಸಣ್ಣವಕ್ಕೆ ಪಾಲು ಕೊಡುವುದೂ ನಿಷಿದ್ಧವಾಯಿತು.

ದಾನಿಗಳು ಬ್ಯಾಗು, ಕೊಡೆ, ಕಂಪ್ಯೂಟರ್ ಸಂತೋಷವಾಗಿ ಕೊಡುತ್ತಾರೆ. ಆಯಾಳ ಸಂಬಳ, ಮಳೆಗಾಲದ ಜೀಪಿನ ಡೀಸೆಲ್ ಎಂದರೆ ಮಾತು ನಿಲ್ಲುತ್ತದೆ. ಮಕ್ಕಳೆಷ್ಟು ಎಂದು ಕೇಳುತ್ತಾರೆ. ಹನ್ನೊಂದು ಎಂದರೆ ಮತ್ತೆ ಫೋನ್ ಬರುವುದಿಲ್ಲ. ಆ ಹನ್ನೊಂದು ಮಕ್ಕಳು ಎಷ್ಟು ಹಳ್ಳ ದಾಟಿ ಬರುತ್ತಾರೆ ಎಂದು ಬರೆಯಲು ಯಾವ ಅರ್ಜಿಯಲ್ಲೂ ಜಾಗವಿಲ್ಲ.