ಗೇಮ್ ಡಿಸ್ಕಿನಲ್ಲೇ ಇದೆ, ಲಾಂಚರ್‌ಗೆ ಮಾತ್ರ ಕಾಣುತ್ತಿಲ್ಲ

ವಿಂಡೋಸ್ ಕೆಟ್ಟು ಸಿ ಡ್ರೈವ್ ಫಾರ್ಮ್ಯಾಟ್ ಮಾಡಬೇಕಾಯಿತು. ಗೇಮ್‌ಗಳೆಲ್ಲ ಡಿ ಡ್ರೈವಿನಲ್ಲಿದ್ದವು, ಅವಕ್ಕೇನೂ ಆಗಿರಲಿಲ್ಲ. ಗೇಮ್‌ಗಳನ್ನು ಇಳಿಸಿ ತೆರೆಯುವ ಸಾಫ್ಟ್‌ವೇರ್ ಇದೆಯಲ್ಲ, ಆ ಲಾಂಚರನ್ನು ಹೊಸದಾಗಿ ಹಾಕಿ, ಲಾಗಿನ್ ಆಗಿ, ನನ್ನ 90 ಜಿಬಿಯ ಗೇಮ್ ಹುಡುಕಿದರೆ ಅದರ ಮುಂದೆ 'ಪ್ಲೇ' ಇಲ್ಲ, 'ಇನ್‌ಸ್ಟಾಲ್' ಅಂತ ಇದೆ! ಫೋಲ್ಡರ್ ತೆರೆದು ನೋಡಿದೆ. ಎಲ್ಲ ಫೈಲೂ ಇದ್ದ ಜಾಗದಲ್ಲೇ ಇವೆ. ಕಂಕುಳಲ್ಲಿ ಕೂಸಿಟ್ಟುಕೊಂಡು ಊರೆಲ್ಲ ಹುಡುಕಿದರು ಅಂತಾರಲ್ಲ, ಈ ಲಾಂಚರ್ ಹುಡುಕುವ ಗೋಜಿಗೂ ಹೋಗಿರಲಿಲ್ಲ. ಕೂಸೇ ಇಲ್ಲ ಅಂದುಬಿಟ್ಟಿತ್ತು.

ಆ ಸಲ ಇನ್‌ಸ್ಟಾಲ್ ಒತ್ತಿ ಮಲಗಿಬಿಟ್ಟೆ. ಬೆಳಿಗ್ಗೆ ಎದ್ದು ನೋಡಿದರೆ ಒಂದೇ ಗೇಮ್ ಡಿಸ್ಕಿನಲ್ಲಿ ಎರಡು ಕಡೆ ಕೂತಿದೆ, ಉಳಿದ ಜಾಗವೆಲ್ಲ ಮುಗಿದಿದೆ. ಯಾಕೆ ಹೀಗಾಯಿತು ಅಂತ ಆಮೇಲೆ ಕೆದಕಿದಾಗ ಗೊತ್ತಾಯಿತು: ಲಾಂಚರ್ ಡಿಸ್ಕನ್ನು ನೋಡುವುದೇ ಇಲ್ಲ. ಅದು ನೋಡುವುದು ತನ್ನ ಲೆಕ್ಕದ ಪುಸ್ತಕವನ್ನು. ಅಲ್ಲಿ ಹೆಸರು ಬರೆದಿದ್ದರೆ ಗೇಮ್ ಇದೆ, ಇಲ್ಲದಿದ್ದರೆ ಇಲ್ಲ.

ಸ್ಟೀಮ್ ಅನ್ನುವ ಗೇಮ್ ಅಂಗಡಿಯ ಲಾಂಚರ್ ಇದೆಯಲ್ಲ, ಅದರ ಪುಸ್ತಕವನ್ನು ಯಾರು ಬೇಕಾದರೂ ತೆರೆದು ನೋಡಬಹುದು. 'ಸ್ಟೀಮ್‌ಆ್ಯಪ್ಸ್' ಅನ್ನುವ ಫೋಲ್ಡರಿನಲ್ಲಿ ಒಂದೊಂದು ಗೇಮ್‌ಗೂ ಒಂದೊಂದು ಪುಟ್ಟ ಫೈಲ್ ಇರುತ್ತದೆ. ಹೆಸರು 'ಆ್ಯಪ್‌ಮ್ಯಾನಿಫೆಸ್ಟ್', ಅದರ ಮುಂದೆ ಆ ಗೇಮ್‌ನ ನಂಬರು. ಹಾಫ್-ಲೈಫ್ 2 ಆದರೆ 220, ಪೋರ್ಟಲ್ ಆದರೆ 400, ಡೋಟಾ 2 ಆದರೆ 570. ನೋಟ್‌ಪ್ಯಾಡಿನಲ್ಲಿ ತೆರೆದರೆ ಕೆಲವೇ ಸಾಲು. ಗೇಮ್‌ನ ಹೆಸರು, ಅದು ಕೂತಿರುವ ಫೋಲ್ಡರಿನ ಹೆಸರು, ಎಷ್ಟು ಜಾಗ ತಿಂದಿದೆ, ಯಾವ ಬಿಲ್ಡ್ (ಅಂದರೆ ಯಾವ ವರ್ಷನ್).

ಅದರಲ್ಲೊಂದು ಸಾಲು ನನಗೆ ಬಹಳ ಇಷ್ಟ: 'ಸ್ಟೇಟ್‌ಫ್ಲ್ಯಾಗ್ಸ್'. ಅದರ ಮುಂದೆ ಸಾಮಾನ್ಯವಾಗಿ 4 ಅಂತ ಇರುತ್ತದೆ. 4 ಅಂದರೆ ಪೂರ್ತಿ ಇನ್‌ಸ್ಟಾಲ್ ಆಗಿದೆ ಅಂತ ಅರ್ಥ. 2 ಅಂದರೆ ಅಪ್‌ಡೇಟ್ ಬೇಕು. ಹಾಗಾದರೆ 6 ಅಂದರೆ? 4 ಮತ್ತು 2 ಕೂಡಿಸಿ, ಇನ್‌ಸ್ಟಾಲ್ ಆಗಿದೆ, ಆದರೆ ಅಪ್‌ಡೇಟ್ ಬಾಕಿ. 1, 2, 4, 8 ಹೀಗೆ ಎರಡರ ಘಾತಗಳನ್ನೇ ಬಳಸಿದ್ದರಿಂದ ಒಂದೇ ಅಂಕಿಯೊಳಗೆ ಹಲವು ಹೌದು-ಇಲ್ಲಗಳನ್ನು ತುಂಬಿಸಬಹುದು, ಯಾವ ಮೊತ್ತ ಹೇಗೆ ಬಂತು ಅನ್ನುವ ಗೊಂದಲವೂ ಇಲ್ಲ. ನಿಮ್ಮ 90 ಜಿಬಿ ಇದೆಯೋ ಇಲ್ಲವೋ ಅನ್ನುವುದು ಈ ಒಂದು ಅಂಕಿಯ ಮೇಲೆ ನಿಂತಿದೆ. ಈ ಪುಟ್ಟ ಫೈಲ್ ಅಳಿಸಿ ಸ್ಟೀಮನ್ನು ಮತ್ತೆ ತೆರೆದರೆ, ಗೇಮ್‌ನ ಒಂದು ಫೈಲನ್ನೂ ಮುಟ್ಟದೆ ಇದ್ದರೂ 'ಇನ್‌ಸ್ಟಾಲ್' ಬಟನ್ ವಾಪಸ್ ಬರುತ್ತದೆ.

ಉಳಿದ ಲಾಂಚರ್‌ಗಳದ್ದೂ ಇದೇ ಕಥೆ, ಪುಸ್ತಕ ಇಡುವ ಕಪಾಟು ಬೇರೆ ಅಷ್ಟೆ. ಎಪಿಕ್ ಗೇಮ್ಸ್‌ನ ಲಾಂಚರ್ ಸಿ ಡ್ರೈವಿನ 'ಪ್ರೋಗ್ರಾಮ್‌ಡೇಟಾ' ಒಳಗೆ ಬರೆದಿಡುತ್ತದೆ. ಜಿಒಜಿ ಅನ್ನುವ ಅಂಗಡಿಯ ಗೇಮ್‌ಗಳ ಇನ್‌ಸ್ಟಾಲರ್ ವಿಂಡೋಸ್ ತನ್ನ ಸೆಟ್ಟಿಂಗ್‌ಗಳನ್ನೆಲ್ಲ ಇಡುವ ರಿಜಿಸ್ಟ್ರಿಯಲ್ಲಿ ಬರೆಯುತ್ತದೆ, ಜೊತೆಗೆ ಗೇಮ್ ಫೋಲ್ಡರಿನಲ್ಲೂ ಒಂದು ಗುರುತಿನ ಫೈಲ್ ಬಿಡುತ್ತದೆ. ಈಗ ಫಾರ್ಮ್ಯಾಟ್ ಪ್ರಸಂಗ ಅರ್ಥವಾಯಿತಲ್ವಾ? ಗೇಮ್ ಇದ್ದದ್ದು ಡಿ ಡ್ರೈವಿನಲ್ಲಿ, ಪುಸ್ತಕ ಇದ್ದದ್ದು ಸಿ ಡ್ರೈವಿನಲ್ಲಿ. ನಾನು ಒರೆಸಿ ಹಾಕಿದ್ದು ಪುಸ್ತಕವನ್ನು.

ಲಾಂಚರೇ ಡಿಸ್ಕನ್ನೆಲ್ಲ ಒಮ್ಮೆ ಜಾಲಾಡಿ ನೋಡಬಾರದಾ ಅಂತ ಕೇಳಬಹುದು. ನನಗೂ ಹಾಗೇ ಅನಿಸಿತ್ತು. ಆದರೆ ಫೋಲ್ಡರಿನ ಹೆಸರು ನೋಡಿ ಏನು ಹೇಳಲು ಬರುತ್ತದೆ? ಅದು ಅರ್ಧಕ್ಕೆ ನಿಂತ ಕಾಪಿ ಇರಬಹುದು, ಎರಡು ವರ್ಷ ಹಳೆಯ ವರ್ಷನ್ ಇರಬಹುದು, ಬೇರೆ ಅಂಗಡಿಯಲ್ಲಿ ಕೊಂಡ ಅದೇ ಗೇಮ್ ಇರಬಹುದು. ಫೈಲಿನ ಸೈಜು ನೋಡಿದರೂ ಸಾಲದು. ಒಂದು ಫೈಲಿನ ನಡುವೆ ನಾಲ್ಕು ಬೈಟ್ ಬದಲಾದರೆ ಸೈಜು ಹಾಗೇ ಇರುತ್ತದೆ, ಗೇಮ್ ಮಾತ್ರ ಅರ್ಧದಲ್ಲಿ ಕ್ರ್ಯಾಶ್ ಆಗುತ್ತದೆ. ಆಮೇಲೆ ಬೈಸಿಕೊಳ್ಳುವುದು ಯಾರು? ಹಾಗಾಗಿ ಲಾಂಚರ್ ಕಣ್ಣಳತೆಯನ್ನು ನಂಬುವುದಿಲ್ಲ, ಬೆರಳಚ್ಚು ಕೇಳುತ್ತದೆ.

ಫೈಲಿನ ಬೆರಳಚ್ಚಿಗೆ ಹ್ಯಾಶ್ ಅಂತ ಹೆಸರು. ಎಷ್ಟೇ ದೊಡ್ಡ ಫೈಲ್ ಕೊಡಿ, ಅದನ್ನು ಅರೆದು ಹಿಂಡಿ ಚಿಕ್ಕದೊಂದು ಸಂಖ್ಯೆ ತೆಗೆಯುವ ಲೆಕ್ಕ ಇದು. ಎಸ್‌ಎಚ್‌ಎ-1 ಅನ್ನುವ ಲೆಕ್ಕದಲ್ಲಿ ಉತ್ತರ ಯಾವಾಗಲೂ 160 ಬಿಟ್, ಅಂದರೆ 20 ಬೈಟ್. ಅದೇ ಫೈಲ್ ಕೊಟ್ಟರೆ ಅದೇ ಉತ್ತರ. ಒಂದೇ ಒಂದು ಬಿಟ್ ಬದಲಿಸಿದರೂ ಉತ್ತರದ ಹೆಚ್ಚುಕಡಿಮೆ ಅರ್ಧ ಬಿಟ್‌ಗಳು ತಿರುಗಿಬೀಳುತ್ತವೆ. ಇದನ್ನು ಮೋಸದಿಂದ ದಾಟಬಹುದು ಅಂತ 2017ರಲ್ಲಿ ತೋರಿಸಿದ್ದಾರೆ. ಬೇರೆ ಬೇರೆ ಎರಡು ಪಿಡಿಎಫ್ ಫೈಲ್‌ಗಳಿಗೆ ಒಂದೇ ಎಸ್‌ಎಚ್‌ಎ-1 ಬರುವಂತೆ ಮಾಡಿದರು, ಅದಕ್ಕೆ ಸುರಿದ ಕಂಪ್ಯೂಟರ್ ಶಕ್ತಿ ಅಷ್ಟಿಷ್ಟಲ್ಲ. ಆಕಸ್ಮಿಕವಾಗಿ ಹಾಗಾಗುವ ಭಯ ನಮಗೆ ಬೇಡ.

ಸ್ಟೀಮ್ ಫೈಲ್‌ಗಳನ್ನು ಸುಮಾರು 1 ಎಂಬಿ ತುಂಡುಗಳಾಗಿ ಕತ್ತರಿಸಿಟ್ಟಿರುತ್ತದೆ, ತುಂಡಿಗೊಂದು ಬೆರಳಚ್ಚು. 90 ಜಿಬಿ ಗೇಮ್‌ಗೆ ಸುಮಾರು 90,000 ತುಂಡು. ಒಂದೊಂದಕ್ಕೆ 20 ಬೈಟ್ ಅಂದರೆ ಬೆರಳಚ್ಚುಗಳೆಲ್ಲ ಸೇರಿ 1.8 ಎಂಬಿ. ಒಂದು ಫೋಟೋದಷ್ಟು! ಈ ಪಟ್ಟಿಯೊಂದನ್ನು ಸರ್ವರ್‌ನಿಂದ ತರಿಸಿಕೊಂಡರೆ ಸಾಕು. ಮಿಕ್ಕ ಕೆಲಸ ನಿಮ್ಮ ಡಿಸ್ಕಿನದು. ಒಂದೊಂದೇ ತುಂಡು ಓದು, ಬೆರಳಚ್ಚು ತೆಗೆ, ಪಟ್ಟಿಗೆ ಹೋಲಿಸು. ತಾಳೆಯಾಗದ ತುಂಡನ್ನು ಮಾತ್ರ ಡೌನ್‌ಲೋಡ್ ಮಾಡು.

ಸಮಯದ ಲೆಕ್ಕ ನೋಡಿ. ಸೆಕೆಂಡಿಗೆ 40 ಮೆಗಾಬಿಟ್ ನೆಟ್ ಇದ್ದರೆ 90 ಜಿಬಿ ಇಳಿಯಲು 5 ಗಂಟೆ. ಸೆಕೆಂಡಿಗೆ 150 ಎಂಬಿ ಓದುವ ಹಾರ್ಡ್ ಡಿಸ್ಕ್ ಅಷ್ಟನ್ನೂ ಓದಿ ಮುಗಿಸಲು 10 ನಿಮಿಷ. ಎಸ್‌ಎಸ್‌ಡಿ ಆದರೆ ಅದಕ್ಕಿಂತ ಬೇಗ.

ಹಾಗಾಗಿ ಎಲ್ಲ ಉಪಾಯಗಳ ತಿರುಳೂ ಒಂದೇ. ಫೈಲ್‌ಗಳನ್ನು ಸರಿಯಾದ ಜಾಗದಲ್ಲಿಟ್ಟು, ಲಾಂಚರ್ ಬೆರಳಚ್ಚು ತೆಗೆಯುವಂತೆ ಮಾಡುವುದು. ಸ್ಟೀಮ್‌ನಲ್ಲಿ ಹಳೆಯ ಲೈಬ್ರರಿ ಫೋಲ್ಡರ್ ಪೂರ್ತಿ ಉಳಿದಿದ್ದರೆ ಕೆಲಸವೇ ಇಲ್ಲ. ಸೆಟ್ಟಿಂಗ್ಸ್‌ನ ಸ್ಟೋರೇಜ್‌ಗೆ ಹೋಗಿ ಆ ಡ್ರೈವ್ ಸೇರಿಸಿದರೆ ಆಯಿತು, ಆ ಪುಟ್ಟ ಫೈಲ್‌ಗಳು ಅಲ್ಲೇ ಇರುತ್ತವಲ್ಲ. ಅವೂ ಹೋಗಿದ್ದರೆ ಗೇಮ್ ಫೋಲ್ಡರನ್ನು 'ಸ್ಟೀಮ್‌ಆ್ಯಪ್ಸ್' ಒಳಗಿನ 'ಕಾಮನ್' ಫೋಲ್ಡರಿನಲ್ಲಿಟ್ಟು, ಅದೇ ಡ್ರೈವ್ ಆರಿಸಿ ಇನ್‌ಸ್ಟಾಲ್ ಒತ್ತಬೇಕು. ಇರುವ ಫೈಲ್‌ಗಳನ್ನು ಅದೇ ಗುರುತಿಸಿ ತಾಳೆ ನೋಡುತ್ತದೆ. ಫೋಲ್ಡರಿನ ಹೆಸರು ಮಾತ್ರ ಸ್ಟೀಮ್ ಇಟ್ಟಿದ್ದೇ ಇರಬೇಕು. ಚೆಂದಕ್ಕೆ ಅಂತ ನೀವು ಬದಲಿಸಿದ್ದರೆ ಅದು ಪಕ್ಕದಲ್ಲೇ ಹೊಸ ಮನೆ ಕಟ್ಟಲು ಶುರುಮಾಡುತ್ತದೆ.

ಎಪಿಕ್‌ನಲ್ಲಿ ಸ್ವಲ್ಪ ನಾಟಕ ಆಡಬೇಕು. ಹಳೆಯ ಫೋಲ್ಡರಿನ ಹೆಸರು ಬದಲಿಸಿ, ಹಳೆಯ ಜಾಗಕ್ಕೇ ಇನ್‌ಸ್ಟಾಲ್ ಶುರುಮಾಡಿ. ಎರಡು-ಮೂರು ಶೇಕಡಾ ಇಳಿದ ಮೇಲೆ ನಿಲ್ಲಿಸಿ ಲಾಂಚರ್ ಮುಚ್ಚಿ. ಈಗ ಹಳೆಯ ಫೈಲ್‌ಗಳನ್ನು ಹೊಸ ಫೋಲ್ಡರಿಗೆ ತುಂಬಿ, ಲಾಂಚರ್ ತೆರೆದು ಮುಂದುವರಿಸಿ. ಯಾಕಿಷ್ಟು ಸುತ್ತು? ಇನ್‌ಸ್ಟಾಲ್ ಶುರುವಾದಾಗಲೇ ಲಾಂಚರ್ ಪುಸ್ತಕದಲ್ಲಿ ಸಾಲು ತೆರೆಯುವುದು. ಸಾಲು ತೆರೆಸಿ, ಸರಕನ್ನು ನಾವೇ ಇಟ್ಟುಬಿಡುತ್ತೇವೆ. ಜಿಒಜಿ ಗ್ಯಾಲಕ್ಸಿ ಮತ್ತು ಯೂಬಿಸಾಫ್ಟ್ ಕನೆಕ್ಟ್‌ಗಳಲ್ಲಿ ಈ ಪಾಡಿಲ್ಲ, ಫೋಲ್ಡರ್ ಇಲ್ಲಿದೆ ಅಂತ ತೋರಿಸಲು ಅಲ್ಲೇ ಆಯ್ಕೆ ಇದೆ. ಎಲ್ಲರೂ ಹೀಗೆ ಮಾಡಿದ್ದರೆ ಚೆನ್ನಾಗಿತ್ತು.

ಒಂದು ಅಂಗಡಿಯ ಗೇಮನ್ನು ಇನ್ನೊಂದು ಅಂಗಡಿಯ ಲಾಂಚರ್‌ಗೆ ಒಪ್ಪಿಸಲು ಹೊರಟರೆ ಸಾಮಾನ್ಯವಾಗಿ ಬೆರಳಚ್ಚು ತಾಳೆಯಾಗುವುದಿಲ್ಲ. ಸ್ಟೀಮ್‌ಗೆ ಹೊರಗಿನ ಗೇಮ್ ಸೇರಿಸಬಹುದು, ಅದು ಬರೀ ಶಾರ್ಟ್‌ಕಟ್. ತೆರೆಯುತ್ತದೆ, ಅಪ್‌ಡೇಟ್ ಮಾಡುವುದಿಲ್ಲ.

ಬಟನ್ 'ಪ್ಲೇ' ಆದ ಮೇಲೂ ಗೇಮ್ ತೆರೆಯದಿದ್ದರೆ ಗಾಬರಿ ಬೇಡ. ಗೇಮ್ ಓಡಲು ಬೇಕಾದ ಡೈರೆಕ್ಟ್‌ಎಕ್ಸ್, ವಿಷುಯಲ್ ಸಿ++ ತರಹದ ಸಾಮಾನುಗಳು ವಿಂಡೋಸ್ ಒಳಗೆ ಇರುತ್ತವೆ, ಅವು ಫಾರ್ಮ್ಯಾಟ್ ಜೊತೆಗೇ ಹೋಗಿರುತ್ತವೆ. ಮತ್ತೆ ಹಾಕಿದರೆ ಸರಿಹೋಗುತ್ತದೆ. ಸೇವ್ ಫೈಲ್‌ಗಳ ವಿಷಯ ಮಾತ್ರ ಹಾಗಲ್ಲ. ಎಷ್ಟೋ ಗೇಮ್‌ಗಳು ಅವನ್ನು ಇಡುವುದು ಸಿ ಡ್ರೈವಿನ ಡಾಕ್ಯುಮೆಂಟ್ಸ್ ಅಥವಾ ಆ್ಯಪ್‌ಡೇಟಾದಲ್ಲಿ. ಕ್ಲೌಡ್‌ಗೆ ಹೋಗಿರದಿದ್ದರೆ ಆಟ ಮೊದಲಿನಿಂದ.

ಎರಡನೇ ಸಲ ಫಾರ್ಮ್ಯಾಟ್ ಮಾಡಿದಾಗ ನಾನು ಬುದ್ಧಿವಂತನಾಗಿದ್ದೆ. ಅದೇ ಗೇಮ್, ತಾಳೆ ನೋಡುವುದು ಹತ್ತಿಪ್ಪತ್ತು ನಿಮಿಷದಲ್ಲಿ ಮುಗಿಯಿತು. 'ಪ್ಲೇ' ಬಂತು. ಕೆಲವು ಫೈಲ್‌ಗಳು ಸರಿಯಿಲ್ಲ, ಬದಲಿಸಿದ್ದೇನೆ ಅಂತ ಲಾಂಚರ್ ಹೇಳಿತು. ಡಿಸ್ಕ್ ಹಾಳಾಗುತ್ತಿದೆಯೇನೋ ಅಂತ ಒಂದು ಕ್ಷಣ ಎದೆ ಧಸಕ್ಕೆಂದಿತು. ಗೇಮ್ ತೆರೆದ ಮೇಲೆ ವಿಷಯ ತಿಳಿಯಿತು. ಯಾವಾಗಲೋ ಮಾಡ್ (ಗೇಮ್‌ನ ಫೈಲ್‌ಗಳನ್ನೇ ಬದಲಿಸುವ ಹೊರಗಿನ ಸೇರ್ಪಡೆ) ಹಾಕಿ ನನ್ನ ಹೀರೋಗೆ ಕೆಂಪು ಕೋಟು ತೊಡಿಸಿದ್ದೆ, ಮರೆತೇ ಹೋಗಿತ್ತು. ಈಗ ಅವನು ಕಂಪನಿ ಕೊಟ್ಟ ಬೂದು ಕೋಟಿನಲ್ಲಿ ನಿಂತಿದ್ದ.