ಕೇಸು ಕೈಬಿಟ್ಟು ಗೆದ್ದ ಹೆಲ್ಗಾ: 1917ರ ಒಂದು ಮೂಕಿ ಚಿತ್ರ

ಮೂಕಿ ಚಿತ್ರಗಳಲ್ಲಿ ಮೋಸ ಹೋದ ಹಳ್ಳಿ ಹುಡುಗಿ ಅಂದ ಕೂಡಲೇ ಎಲ್ಲರೂ ಅಮೆರಿಕದ ನಿರ್ದೇಶಕ ಗ್ರಿಫಿತ್‌ನ 'ವೇ ಡೌನ್ ಈಸ್ಟ್' (1920) ಹೆಸರು ಹೇಳುತ್ತಾರೆ. ಅದಕ್ಕೂ ಮುಂಚೆ, 1917ರಲ್ಲೇ, ಸ್ವೀಡನ್ನಿನ ವಿಕ್ಟರ್ ಶೋಸ್ಟ್ರೋಮ್ 'ದಿ ಗರ್ಲ್ ಫ್ರಮ್ ದಿ ಮಾರ್ಷ್ ಕ್ರಾಫ್ಟ್' ಮಾಡಿದ್ದ. ಮೂಲ ಕಥೆ ಸೆಲ್ಮಾ ಲಾಗರ್ಲೋಫ್ ಅವರದು. 1909ರಲ್ಲಿ ಸಾಹಿತ್ಯದ ನೊಬೆಲ್ ಪಡೆದ ಮೊದಲ ಮಹಿಳೆ ಅವರು.

ಹೆಲ್ಗಾ ಬಡವರ ಮನೆ ಹುಡುಗಿ. ಕೆಲಸಕ್ಕಿದ್ದ ಮನೆಯ ಯಜಮಾನನಿಂದ ಅವಳಿಗೆ ಮಗುವಾಗಿದೆ. ಅವನಿಗೆ ಮದುವೆಯಾಗಿದೆ, ಮಗು ತನ್ನದಲ್ಲ ಅನ್ನುತ್ತಾನೆ. ಮಗುವಿನ ಖರ್ಚಿಗೆ ದುಡ್ಡು ಕೇಳಿ ಅವಳು ಕೋರ್ಟಿಗೆ ಹೋಗುತ್ತಾಳೆ.

ನನಗೆ ಬಿಡಿಸಲು ಕಷ್ಟವಾದ ಗಂಟು ಇಲ್ಲಿದೆ. ಆ ಯಜಮಾನ ಮಗು ತನ್ನದಲ್ಲ ಅಂತ ಬೈಬಲ್ ಮುಟ್ಟಿ ಆಣೆ ಮಾಡಲು ಸಿದ್ಧನಾಗುತ್ತಾನೆ. ಹೆಲ್ಗಾ ಓಡಿಬಂದು ಬೈಬಲ್ ಕಿತ್ತುಕೊಳ್ಳುತ್ತಾಳೆ. ಕೇಸೇ ಬೇಡ ಅನ್ನುತ್ತಾಳೆ. ನ್ಯಾಯ ಕೇಳಲು ಬಂದವಳು ಹೀಗೇಕೆ ಮಾಡಿದಳು?

ನಿಧಾನವಾಗಿ ನೋಡೋಣ. ಅವನು ಆಣೆ ಮಾಡಿದರೆ ಕೇಸು ಬಿದ್ದುಹೋಗುತ್ತದೆ. ಅವಳೇ ಹಿಂತೆಗೆದುಕೊಂಡರೂ ದುಡ್ಡು ಸಿಗುವುದಿಲ್ಲ. ದುಡ್ಡಿನ ಲೆಕ್ಕದಲ್ಲಿ ಎರಡೂ ಒಂದೇ. ಅಂದರೆ ಅವಳ ಚಿಂತೆ ಬೇರೆ: ಸುಳ್ಳಾಣೆ ಮಾಡಿದವನಿಗೆ ದೇವರ ಮುಂದೆ ಗತಿಯಿಲ್ಲ. ನಮ್ಮಲ್ಲೂ ದೇವಸ್ಥಾನದಲ್ಲಿ ಸುಳ್ಳಾಣೆ ಅಂದರೆ ಜನ ನಡುಗುತ್ತಾರೆ, ಅಲ್ವಾ? ಈಗ ಮುಖ್ಯ ಹೆಜ್ಜೆ. ಮಗು ಅವನದಲ್ಲದಿದ್ದರೆ ಅದು ಸುಳ್ಳಾಣೆಯೇ ಆಗುತ್ತಿರಲಿಲ್ಲ, ಅವಳು ಹೆದರುವ ಮಾತೇ ಇರಲಿಲ್ಲ. ಆ ಹೆದರಿಕೆಯೇ ಸಾಕ್ಷಿ. ತೀರ್ಪು ಬರೆಯುವ ಮೊದಲೇ ಇಡೀ ಕೋರ್ಟಿಗೆ ನಿಜ ಗೊತ್ತಾಗುತ್ತದೆ. ದುಡ್ಡು ಬಾರದಿದ್ದರೂ ನ್ಯಾಯಾಧೀಶರ ಗೌರವ ಅವಳ ಪಾಲಿಗೆ ಬರುತ್ತದೆ. ಮಗುವಿನ ಅಪ್ಪ ಅನ್ನೋ ಒಂದೇ ಕಾರಣಕ್ಕೆ, ಮೋಸ ಮಾಡಿದವನನ್ನೂ ಪಾಪದಿಂದ ಉಳಿಸುವ ಈ ಹುಡುಗಿ ನನಗಂತೂ ತುಂಬಾ ದೊಡ್ಡವಳಾಗಿ ಕಂಡಳು.

ಇಂಥ ಚಿತ್ರ ಓದಲು ನಾನು ಹಿಡಿದ ಸುಲಭ ದಾರಿ: ಕೈ ಏನು ಮಾಡುತ್ತಿದೆ ನೋಡಿ. ಆಣೆ ಅನ್ನೋದು ಮಾತು, ಇಲ್ಲಿ ಮಾತೇ ಕೇಳಿಸುವುದಿಲ್ಲ. ಆದರೆ ಪುಸ್ತಕ ಕಿತ್ತುಕೊಂಡ ಕೈ ಯಾವ ಭಾಷೆಯವರಿಗೂ ಅರ್ಥವಾಗುತ್ತದೆ. 'ವೇ ಡೌನ್ ಈಸ್ಟ್'ನ ಆನ್ನಾಗೆ (ಲಿಲಿಯನ್ ಗಿಶ್) ಕೋರ್ಟಿಲ್ಲ. ಸುಳ್ಳು ಮದುವೆ ಮಾಡಿಕೊಂಡು ಕೆಡಿಸಿದವನು ಊಟದ ಮೇಜಿನಲ್ಲಿ ಅತಿಥಿಯಾಗಿ ಕೂತಿದ್ದಾನೆ. ತನ್ನನ್ನು ಮನೆಯಿಂದ ಹೊರಗೆ ಅಟ್ಟುವಾಗ ಅವಳು ಅವನ ಕಡೆ ಬೆರಳು ತೋರಿಸುತ್ತಾಳೆ. ಆನ್ನಾಳ ಕೈ ಮೋಸ ಮಾಡಿದವನನ್ನು ಬಯಲಿಗೆಳೆಯುತ್ತದೆ, ಹೆಲ್ಗಾಳ ಕೈ ಕಾಪಾಡುತ್ತದೆ.

ಹೆಲ್ಗಾಳ ಕಥೆಯ ಉಳಿದರ್ಧ ಅವಳಿಗೆ ಕೆಲಸ ಕೊಡುವ ಗುಡ್‌ಮಂಡ್‌ನದು. ಆ ಪಾತ್ರ ಮಾಡಿದ ನಟ ಲಾರ್ಸ್ ಹಾನ್ಸನ್ ಮತ್ತು ಗಿಶ್ ಇಬ್ಬರನ್ನೂ ಶೋಸ್ಟ್ರೋಮ್ ಮುಂದೆ ಹಾಲಿವುಡ್‌ನಲ್ಲಿ 'ದಿ ವಿಂಡ್'ನಲ್ಲಿ (1928) ಸೇರಿಸಿದ. ಮುಂದಿನ ಟಿಪ್ಪಣಿ ಅದರದ್ದೇ.