ಸ್ಕ್ರೀನರ್ ಮೇಲಿನ ಅಂಕಿಗಳನ್ನು ಕತ್ತರಿಸಬೇಡಿ

ಸಾಕ್ಷ್ಯಚಿತ್ರಕ್ಕೆ ಹಳೆಯ ಫೂಟೇಜ್ ಕೇಳಿದಾಗ ಸಂಗ್ರಹಾಲಯದಿಂದ ಮೊದಲು ಬರುವುದು ಸ್ಕ್ರೀನರ್: ಮಸುಕು ಪ್ರತಿ, ಮಧ್ಯೆ ವಾಟರ್‌ಮಾರ್ಕ್, ಅಂಚಿನಲ್ಲಿ ಓಡುವ ಟೈಮ್‌ಕೋಡ್, ಅಂದರೆ ಗಂಟೆ, ನಿಮಿಷ, ಸೆಕೆಂಡು, ಫ್ರೇಮಿನ ಅಂಕಿ. ಆ ಅಂಕಿಗಳು ಕಣ್ಣಿಗೆ ಅಡ್ಡ ಬರುತ್ತವೆಂದು ಎಡಿಟರ್ ಫ್ರೇಮ್ ಹಿಗ್ಗಿಸಿ ಹೊರಗೆ ತಳ್ಳುವುದುಂಟು. ತಿಂಗಳುಗಳ ನಂತರ ಮಾಸ್ಟರ್ (ಪೂರ್ಣ ಗುಣಮಟ್ಟದ ಪ್ರತಿ) ತರಿಸುವ ಹೊತ್ತಿಗೆ, ಆ ಮೂರು ಸೆಕೆಂಡು ಯಾವ ರೀಲಿನ ಯಾವ ಜಾಗದ್ದು ಎನ್ನಲು ಗುರುತೇ ಉಳಿದಿರುವುದಿಲ್ಲ. ಫೈಲಿನ ಹೆಸರಿಗೂ ಇದೇ ಗತಿ. ‘ಮಳೆ ಫೈನಲ್ 2’ ಎಂದು ಹೆಸರಿಟ್ಟ ಕ್ಲಿಪ್ ಅನಾಥ. ಸಂಗ್ರಹದ ಕ್ರಮಸಂಖ್ಯೆ ಮೊದಲಿರಲಿ, ನಿಮ್ಮ ವಿವರಣೆ ಅದರ ಹಿಂದೆ ಬರಲಿ.

ಅಂಕಿ ಉಳಿಸಿಕೊಂಡರೂ ಫ್ರೇಮ್ ರೇಟ್, ಅಂದರೆ ಸೆಕೆಂಡಿಗೆ ಎಷ್ಟು ಫ್ರೇಮ್ (ಬಿಡಿ ಚಿತ್ರ) ಎಂಬ ಲೆಕ್ಕ, ಕಾಲೆಳೆಯುತ್ತದೆ. 29.97ರ ಸ್ಕ್ರೀನರನ್ನು 25ಕ್ಕೆ ಪರಿವರ್ತಿಸಿ ಎಡಿಟ್ ಮಾಡಿದರೆ, ಆಮೇಲೆ ಬರುವ ಮಾಸ್ಟರ್ ಜೊತೆ ಫ್ರೇಮಿಗೆ ಫ್ರೇಮ್ ಕೂಡುವುದಿಲ್ಲ. 29.97ರಲ್ಲೇ ಡ್ರಾಪ್-ಫ್ರೇಮ್, ನಾನ್-ಡ್ರಾಪ್ ಎಂದು ಎರಡು ಎಣಿಕೆ: ಮೊದಲನೆಯದು ಗಡಿಯಾರಕ್ಕೆ ಹೊಂದಲು ಆಗಾಗ ಕೆಲವು ಫ್ರೇಮ್ ಸಂಖ್ಯೆಗಳನ್ನು ಬಿಟ್ಟು ಎಣಿಸುತ್ತದೆ, ಎರಡನೆಯದು ಬಿಡುವುದಿಲ್ಲ. ಒಂದನ್ನು ಇನ್ನೊಂದೆಂದು ಬರೆದುಕೊಂಡರೆ ಗಂಟೆಗೆ 3.6 ಸೆಕೆಂಡು ತಪ್ಪುತ್ತದೆ. ಬೇರೆಯದೇ ಶಾಟ್ ಬರಲು ಅಷ್ಟು ಸಾಕು. ಶಾಟಿನ ಆಚೀಚೆ ಒಂದೊಂದು ಸೆಕೆಂಡು ಹೆಚ್ಚು ಕೇಳುವುದು ಒಳ್ಳೆಯ ರೂಢಿಯೇ, ಆದರೆ ಈ ತಪ್ಪಿಗೆ ಅದು ಮದ್ದಲ್ಲ. ಮೊದಲ ಮತ್ತು ಕೊನೆಯ ಫ್ರೇಮಿನ ಚಿತ್ರಗಳನ್ನೇ ಮಾಸ್ಟರ್ ಕೇಳುವ ಪಟ್ಟಿಗೆ ಅಂಟಿಸಿ ಕಳಿಸಿ.

ಮೂಕಿ ಕಾಲದ ಫಿಲ್ಮಿನಲ್ಲಿ ಜನ ದಡಬಡ ನಡೆಯುವುದೂ ಎಣಿಕೆಯ ಪ್ರಮಾದವೇ. ಸೆಕೆಂಡಿಗೆ 16 ಫ್ರೇಮಿನಂತೆ ತೆಗೆದ ಒಂದು ನಿಮಿಷ, 24ರಲ್ಲಿ ಓಡಿಸಿದರೆ 40 ಸೆಕೆಂಡಿಗೆ ಮುಗಿಯುತ್ತದೆ. ಪ್ರತಿ ಫ್ರೇಮನ್ನೂ ಒಂದೊಂದೇ ಸಲ ಸ್ಕ್ಯಾನ್ ಮಾಡಿಸಿಕೊಂಡು, ವೇಗವನ್ನು ಎಡಿಟಿಂಗಿನಲ್ಲಿ ಹೊಂದಿಸಿ.

ಕ್ಯಾಟಲಾಗಿನ ಇಸವಿಯನ್ನಂತೂ ಕಣ್ಣುಮುಚ್ಚಿ ನಂಬಬೇಡಿ. ಒಂದೇ ಶಾಟ್ ಬೇರೆ ಬೇರೆ ಸುದ್ದಿರೀಲುಗಳಲ್ಲಿ ಬೇರೆ ಬೇರೆ ಘಟನೆಯಾಗಿ ಬಳಕೆಯಾಗಿರುತ್ತದೆ. ಹಳೆಯ ಕೊಡಾಕ್ ಫಿಲ್ಮಿನ ಅಂಚಿನಲ್ಲಿ ವೃತ್ತ, ಚೌಕ, ತ್ರಿಕೋನದ ಚಿಹ್ನೆಗಳಿರುತ್ತವೆ. ಅವು ಫಿಲ್ಮ್ ತಯಾರಾದ ವರ್ಷವನ್ನು ಹೇಳುತ್ತವೆ. ಆದರೆ 20 ವರ್ಷಕ್ಕೊಮ್ಮೆ ಮರುಕಳಿಸುವುದರಿಂದ 1916, 1936, 1956ಕ್ಕೆ ಒಂದೇ ಗುರುತು. ಕ್ಯಾಮೆರಾ ನೆಗೆಟಿವಿನಲ್ಲಿ ಅದು ಸಿಕ್ಕರೆ ‘ಇದಕ್ಕಿಂತ ಮೊದಲಿನದಲ್ಲ’ ಎನ್ನಬಹುದು, ಅಷ್ಟೇ. ನೆಗೆಟಿವಿನಿಂದ ತೆಗೆದ ಪ್ರತಿಯಾದ ಪ್ರಿಂಟಿನಲ್ಲಿ ತೊಡಕು ಜಾಸ್ತಿ: ನೆಗೆಟಿವಿನ ಗುರುತೂ ಅಚ್ಚಾಗಿ ಬಂದು, ಪ್ರಿಂಟಿನ ಸ್ವಂತದ್ದೂ ಸೇರಿ ಎರಡೆರಡು ಕಾಣಬಹುದು. ಸ್ಕ್ರೀನರಿನಲ್ಲಿ ಅಂಚು ಸಾಮಾನ್ಯವಾಗಿ ಕಾಣುವುದಿಲ್ಲ, ಕೇಳಿ ಫೋಟೋ ತರಿಸಿಕೊಳ್ಳಬೇಕು. ಉಳಿದ ಸಾಕ್ಷಿ ಚಿತ್ರದೊಳಗೇ ಇರುತ್ತದೆ: ವಾಹನದ ಮಾದರಿ, ಗೋಡೆಯ ಪೋಸ್ಟರ್, ನೆರಳಿನ ಉದ್ದ. ಕಿವಿಯನ್ನು ಮಾತ್ರ ನೆಚ್ಚಬೇಡಿ, ಜನಸಂದಣಿಯ ಸದ್ದನ್ನು ಎಷ್ಟೋ ಕಡೆ ಆಮೇಲೆ ಸೇರಿಸಿದ್ದಾರೆ.

ಹಕ್ಕಿನ ವಿಷಯ ಚಿಕ್ಕದು, ಪೆಟ್ಟು ದೊಡ್ಡದು. ರೀಲು ಇಟ್ಟುಕೊಂಡವರೇ ಕೃತಿಸ್ವಾಮ್ಯದ ಒಡೆಯರಾಗಿರಬೇಕಿಲ್ಲ; ದೃಶ್ಯದೊಳಗೆ ಕೇಳುವ ಹಾಡಿಗೆ ಬೇರೆಯದೇ ಅನುಮತಿ ಬೇಕು.

ಶುಲ್ಕ ಬಹುಮಟ್ಟಿಗೆ ಸೆಕೆಂಡಿನ ಲೆಕ್ಕವಾದ್ದರಿಂದ ಪಿಕ್ಚರ್ ಲಾಕ್ ಆದಮೇಲೆ, ಅಂದರೆ ಶಾಟುಗಳ ಎಡಿಟಿಂಗ್ ಅಂತಿಮವಾದಮೇಲೆ, ಲೈಸೆನ್ಸ್ ಪಡೆಯುವುದು ಸರಿ. ಸ್ಕ್ಯಾನ್ ಆಗದ ರೀಲಿಗೆ ಮಾತ್ರ ಹಾಗೆ ಕಾಯಬೇಡಿ. ವಿನೆಗರಿನ ಹುಳಿ ವಾಸನೆ ಹಿಡಿದ ಅಸಿಟೇಟ್ (ಒಂದು ಬಗೆಯ ಪ್ಲಾಸ್ಟಿಕ್) ಫಿಲ್ಮ್ ಕೆಟ್ಟು ಕುಗ್ಗಿರುತ್ತದೆ, ಅದರ ಅಂಚಿನ ರಂಧ್ರಗಳು ಫಿಲ್ಮ್ ಎಳೆಯುವ ಹಲ್ಲುಚಕ್ರಕ್ಕೆ ಕೂರುವುದಿಲ್ಲ. ಹಲ್ಲುಚಕ್ರವಿಲ್ಲದ ಸ್ಕ್ಯಾನರೇ ಬೇಕು, ಅಲ್ಲಿ ಸರದಿ ಉದ್ದ.